ಕೆಳಗೆ ಹೆಸರು ಹಾಕಿಯೇ ಹೇಳಿದ ಮಾತು

ಚುನಾವಣೆ ಹತ್ತಿರ ಬಂತೆಂದರೆ ಬೆಳಗಾವಿಯಲ್ಲಿ ಎಲ್ಲರ ಬಾಯಲ್ಲೂ ಫೇಕ್ ನ್ಯೂಸಿನ ಮಾತೇ. ಕಾಲೇಜುಗಳಲ್ಲಿ ಕಾರ್ಯಾಗಾರ, ಪೊಲೀಸರಿಂದ ಎಚ್ಚರಿಕೆ, ಪತ್ರಿಕೆಗಳಲ್ಲಿ ಸಂಪಾದಕೀಯ. ಯಾರು ಬರೆದರೆಂದು ಗೊತ್ತಿಲ್ಲದ, ವಾಟ್ಸಾಪಿನಲ್ಲಿ ಹತ್ತು ಕೈ ದಾಟಿ ಬಂದ ಸುದ್ದಿಯೇ ಜನರ ತಲೆ ಕೆಡಿಸುತ್ತದೆ ಎನ್ನುವುದನ್ನು ಈಗ ಯಾರೂ ಅಲ್ಲಗಳೆಯುವುದಿಲ್ಲ. ಆದರೆ ಸವದತ್ತಿಯ ಬಸ್ ಸ್ಟ್ಯಾಂಡಿನಲ್ಲೋ ಜಮಖಂಡಿಯ ಚಹಾದಂಗಡಿಯಲ್ಲೋ ಅರ್ಧ ತಾಸು ಕೂತು ಜನ ಆಡುವ ಮಾತು ಕೇಳಿ ನೋಡಿ. ಯಾರು ಏನು ಕೊಟ್ಟರು, ಯಾರು ಕೊಡಲಿಲ್ಲ, ನೀರು ಯಾರು ತರುತ್ತಾರೆ, ಯಾರ ಗಾಳಿ ಬೀಸುತ್ತಿದೆ ಎಂಬ ಈ ಮಾತುಗಳಲ್ಲಿ ಬಹುಪಾಲು ಕದ್ದುಮುಚ್ಚಿ ಹಬ್ಬಿಸಿದ್ದಲ್ಲ. ಪಕ್ಷದ ಚಿಹ್ನೆ, ಇಲಾಖೆಯ ಹೆಸರು, ನಾಯಕರ ಫೋಟೊ ಹಾಕಿ ರಾಜಾರೋಷವಾಗಿ ಹೇಳಿದ್ದು. ಹೇಳಿದವರು ಯಾರು, ಅವರಿಗೆ ಏನು ಬೇಕು ಎನ್ನುವುದು ಕೇಳುವವನಿಗೂ ಗೊತ್ತು. ಆದರೂ ಆ ಮಾತು ನಾಟುತ್ತದೆ.

ಪ್ರಚಾರವನ್ನು ಅಧ್ಯಯನ ಮಾಡುವವರು ಅದಕ್ಕೆ ಮೂರು ಬಣ್ಣ ಹಚ್ಚುತ್ತಾರೆ. ಮೂಲ ಬಹಿರಂಗವಾಗಿದ್ದರೆ ಬಿಳಿ, ಮಸುಕಾಗಿದ್ದರೆ ಬೂದು, ಬೇರೆಯವರ ಹೆಸರಿನಲ್ಲಿ ಬಂದರೆ ಕಪ್ಪು. ಬಿಳಿ ಅಂದ ಮಾತ್ರಕ್ಕೆ ನಿಜ ಅಂತಲ್ಲ, ಯಾರದ್ದೆಂದು ಗೊತ್ತಿದೆ ಅಷ್ಟೇ. ನಮ್ಮ ಕಾಯ್ದೆಗಳು, ಚುನಾವಣಾ ಆಯೋಗದ ಸೂಚನೆಗಳು, ಫೇಸ್‌ಬುಕ್‌ನ ನಿಯಮಗಳು ಎಲ್ಲವೂ ಒಂದೇ ನಂಬಿಕೆಯ ಮೇಲೆ ನಿಂತಿವೆ: ಹೆಸರು ಬರೆಸಿಬಿಟ್ಟರೆ ಓದುಗ ತನ್ನ ಹುಷಾರಿನಲ್ಲಿ ತಾನಿರುತ್ತಾನೆ. ಈ ನಂಬಿಕೆ ಎಷ್ಟು ಗಟ್ಟಿ ಎಂದು ನೋಡಬೇಕಾದರೆ ಪ್ರಿಂಟಿಂಗ್ ಪ್ರೆಸ್ಸಿನಿಂದಲೇ ಶುರು ಮಾಡಬೇಕು.

ಹ್ಯಾಂಡ್‌ಬಿಲ್ಲಿನ ಕೊನೆಯ ಸಾಲು

ಯಾವುದೇ ಅಭ್ಯರ್ಥಿಯ ಕರಪತ್ರವನ್ನು ಬೆಳಕಿಗೆ ಹಿಡಿದು ನೋಡಿದರೆ ತಳದಲ್ಲಿ ಇರುವೆ ಸಾಲಿನಂಥ ಅಕ್ಷರಗಳು ಕಾಣುತ್ತವೆ: ಮುದ್ರಕರು ಇಂಥವರು, ಪ್ರಕಾಶಕರು ಇಂಥವರು, ಇಬ್ಬರ ವಿಳಾಸ, ಪ್ರತಿಗಳು ಇಷ್ಟು. ಇದರಲ್ಲಿ ಹೆಸರು, ವಿಳಾಸವನ್ನು ಕಡ್ಡಾಯ ಮಾಡಿದ್ದು 1951ರ ಪ್ರಜಾಪ್ರತಿನಿಧಿ ಕಾಯ್ದೆಯ 127ಎ ಕಲಂ. ಕರಪತ್ರ ಮಾಡಿಸುವವನು ತಾನು ಯಾರೆಂದು ಘೋಷಣಾ ಪತ್ರ ಬರೆದು ಸಹಿ ಹಾಕಬೇಕು. ಅವನನ್ನು ಖುದ್ದಾಗಿ ಬಲ್ಲ ಇಬ್ಬರು ಅದಕ್ಕೆ ಸಾಕ್ಷಿ ಸಹಿ ಹಾಕಬೇಕು. ಎರಡು ಪ್ರತಿ ಪ್ರೆಸ್ಸಿನವರ ಕೈ ಸೇರಿದ ಮೇಲೆಯೇ ಮಷಿನ್ ತಿರುಗಬೇಕು. ಅಚ್ಚಾದ ಮೂರು ದಿನದೊಳಗೆ ಕರಪತ್ರದ ಜೊತೆಗೆ ಘೋಷಣೆಯ ಒಂದು ಪ್ರತಿ, ಎಷ್ಟು ಹೊಡೆದಿದ್ದು, ಎಷ್ಟು ರೊಕ್ಕ ತಗೊಂಡಿದ್ದು ಎಂಬ ವಿವರ ಜಿಲ್ಲಾಧಿಕಾರಿ ಕಚೇರಿಗೆ ಮುಟ್ಟಬೇಕು ಎನ್ನುವುದು ಆಯೋಗದ ಸೂಚನೆ. ತಪ್ಪಿದರೆ ಆರು ತಿಂಗಳವರೆಗೆ ಜೈಲು, ಇಲ್ಲವೇ 2000 ರೂಪಾಯಿವರೆಗೆ ದಂಡ, ಇಲ್ಲವೇ ಎರಡೂ. ಕೈಯಿಂದ ನಕಲು ಮಾಡಿದ್ದನ್ನು ಬಿಟ್ಟು ಪ್ರತಿ ತೆಗೆಯುವ ಬೇರೆ ಯಾವ ವಿಧಾನವಾದರೂ ಕಾಯ್ದೆಯ ಲೆಕ್ಕದಲ್ಲಿ ಅದು ಮುದ್ರಣವೇ. ಹಾಗಾಗಿ ಝೆರಾಕ್ಸ್ ಅಂಗಡಿಯಲ್ಲಿ ತೆಗೆಸಿದ ನೂರು ಪ್ರತಿಗೂ ಆ ಸಾಲು ಬೇಕು. ವಿನಾಯಿತಿ ಇರುವುದು ಸಭೆಯ ದಿನ, ವೇಳೆ, ಜಾಗವನ್ನಷ್ಟೇ ತಿಳಿಸುವ ಚೀಟಿಗಳಿಗೆ ಮತ್ತು ಏಜೆಂಟರು, ಕಾರ್ಯಕರ್ತರಿಗೆ ಕೊಡುವ ಸೂಚನೆಗಳಿಗೆ.

ಕಾಗದದ ಮೇಲೆ ಇದೆಲ್ಲ ಚೊಕ್ಕಟ. ಪ್ರೆಸ್ಸಿನ ನೆಲದ ಮೇಲೆ ಆಗುವುದೇ ಬೇರೆ. ಡಿಸೈನ್ ಮಾಡುವ ಹುಡುಗ ಆ ಸಾಲನ್ನು ಅಂಚಿಗೆ ತಳ್ಳಿರುತ್ತಾನೆ, ಏಕೆಂದರೆ ಮೇಲಿನ ಜಾಗವೆಲ್ಲ ಫೋಟೊಕ್ಕೆ ಬೇಕು. ದೊಡ್ಡ ಹಾಳೆಯ ಮೇಲೆ ನಾಲ್ಕೋ ಎಂಟೋ ಕರಪತ್ರ ಒಟ್ಟಿಗೆ ಕೂರಿಸಿ ಹೊಡೆಯುತ್ತಾರೆ. ಆಮೇಲೆ ಐದುನೂರು ಹಾಳೆಯ ಕಟ್ಟನ್ನು ಕಟಿಂಗ್ ಮಷಿನ್ನಿಗೆ ಕೊಟ್ಟಾಗ ಅಲಗು ಇಳಿಯುತ್ತ ಕಾಗದವನ್ನು ಕೊಂಚ ಎಳೆಯುತ್ತದೆ. ಮೇಲಿನ ಹಾಳೆಗೂ ತಳದ ಹಾಳೆಗೂ ಒಂದೆರಡು ಮಿಲಿಮೀಟರ್ ಫರಕು ಬೀಳುತ್ತದೆ. ಅಂಚಿನಿಂದ ಮೂರು ಮಿಲಿಮೀಟರ್ ಒಳಗೆ ಬರೆದ ಅಕ್ಷರಗಳಿಗೆ ಆಗ ಉಳಿಗಾಲವಿಲ್ಲ. ಒಂದೇ ಕಟ್ಟಿನ ಕೆಲವು ಕರಪತ್ರಗಳಿಗೆ ಪ್ರಕಾಶಕರಿರುತ್ತಾರೆ, ಕೆಲವಕ್ಕೆ ಅರ್ಧ ಕತ್ತರಿಸಿದ ಪ್ರಕಾಶಕರು. ಮೋಸ ಮಾಡುವ ಇರಾದೆ ಇಲ್ಲದೆಯೂ ಹೀಗಾಗುತ್ತದೆ. ಇರಾದೆ ಇದ್ದಾಗ ನಡೆಯುವ ದಾರಿ ಇನ್ನೂ ಸರಳ: 5000 ಪ್ರತಿಗೆ ಘೋಷಣೆ ಕೊಟ್ಟು, ನಾಲ್ಕು ದಿನ ಬಿಟ್ಟು ಅದೇ ಪ್ಲೇಟಿನ ಮೇಲೆ ಮತ್ತೆ ಹೊಡೆಸುವುದು. ಕರಪತ್ರ ಒಂದೇ, ತಳದ ಸಾಲೂ ಒಂದೇ. ಲೆಕ್ಕದಲ್ಲಿ ಮಾತ್ರ ಎರಡನೇ ಸಲ ಹೊಡೆಸಿದ ಕಟ್ಟು ಇರುವುದಿಲ್ಲ.

ಬೆಳಗಾವಿಯಂಥ ಗಡಿ ಜಿಲ್ಲೆಗೆ ಇದರಲ್ಲಿ ಇನ್ನೊಂದು ತೊಡಕಿದೆ. ಘೋಷಣೆಯ ಪ್ರತಿ ಹೋಗಬೇಕಾದದ್ದು ಅಚ್ಚಾದ ಜಿಲ್ಲೆಯ ಮ್ಯಾಜಿಸ್ಟ್ರೇಟರಿಗೆ, ಹಂಚಿದ ಜಿಲ್ಲೆಯವರಿಗಲ್ಲ. ನಿಪ್ಪಾಣಿಯಲ್ಲಿ ಹಂಚುವ ಮರಾಠಿ ಕರಪತ್ರ ಕೊಲ್ಹಾಪುರದ ಪ್ರೆಸ್ಸಿನಲ್ಲಿ ಅಚ್ಚಾದರೆ ಕಾಯ್ದೆ ಪ್ರಕಾರ ಅದರ ದಾಖಲೆ ಕೊಲ್ಹಾಪುರದ ಕಲೆಕ್ಟರ್ ಕಚೇರಿಯಲ್ಲಿ. ಬೆಳಗಾವಿಯ ಖರ್ಚು ವೀಕ್ಷಕರು ಅದನ್ನು ಹುಡುಕಿಕೊಂಡು ಹೋಗಬೇಕು.

ಇಷ್ಟೆಲ್ಲ ಹೇಳಿದ್ದು ಯಾಕೆಂದರೆ ಆ ಸಾಲು ಇರುವುದು ಓದುಗನಿಗಾಗಿ ಎಂದು ನಾವು ತಿಳಿದಿರುತ್ತೇವೆ. ದಿನನಿತ್ಯದ ಬಳಕೆಯಲ್ಲಿ ಅದು ಲೆಕ್ಕಕ್ಕಾಗಿ ಇರುವುದು. ವಿಧಾನಸಭೆ ಅಭ್ಯರ್ಥಿಯ ಖರ್ಚಿನ ಮಿತಿ 40 ಲಕ್ಷ, ಲೋಕಸಭೆಗೆ 95 ಲಕ್ಷ. ಈ ಕರಪತ್ರದ ಖರ್ಚನ್ನು ಯಾರ ತಲೆಗೆ ಕಟ್ಟಬೇಕು ಎಂದು ತಿಳಿಯಲು ಹೆಸರು ಬೇಕು. ಓದುಗನನ್ನು ಎಚ್ಚರಿಸುವ ಉದ್ದೇಶವೇ ಮುಖ್ಯವಾಗಿದ್ದರೆ ಆ ಸಾಲು ಕರಪತ್ರದ ನೆತ್ತಿಯ ಮೇಲಿರುತ್ತಿತ್ತು.

ನಾಲ್ಕು ವಾರದ ನಂತರ

ನೆತ್ತಿಯ ಮೇಲೋ ತಳದಲ್ಲೋ ಎನ್ನುವುದು ಸಣ್ಣ ವಿಷಯವಲ್ಲ. 1951ರಲ್ಲಿ ಅಮೆರಿಕದ ಯೇಲ್ ವಿಶ್ವವಿದ್ಯಾಲಯದ ಕಾರ್ಲ್ ಹೊವ್ಲಂಡ್ ಮತ್ತು ವಾಲ್ಟರ್ ವೈಸ್ ಒಂದು ಪ್ರಯೋಗ ಪ್ರಕಟಿಸಿದರು. ವಿದ್ಯಾರ್ಥಿಗಳಿಗೆ ಲೇಖನಗಳನ್ನು ಓದಿಸಿದರು. ಒಂದು ಅಣುಶಕ್ತಿಯ ಜಲಾಂತರ್ಗಾಮಿ ಕುರಿತು, ಇನ್ನೊಂದು ಔಷಧಿಯನ್ನು ವೈದ್ಯರ ಚೀಟಿಯಿಲ್ಲದೆ ಮಾರುವ ಕುರಿತು, ಹೀಗೆ. ಲೇಖನ ಒಂದೇ, ಆದರೆ ಜಲಾಂತರ್ಗಾಮಿಯ ಲೇಖನ ಅರ್ಧ ಜನಕ್ಕೆ ವಿಜ್ಞಾನಿ ಓಪನ್‌ಹೈಮರ್ ಬರೆದದ್ದು, ಉಳಿದರ್ಧಕ್ಕೆ ಸೋವಿಯತ್ ಪತ್ರಿಕೆ ಪ್ರಾವ್ಡಾದಲ್ಲಿ ಬಂದದ್ದು. ಓದಿದ ಕೂಡಲೇ ಕೇಳಿದಾಗ ನಂಬಿಗಸ್ತ ಹೆಸರಿನ ಲೇಖನ ಓದಿದವರ ಅಭಿಪ್ರಾಯ ಚೆನ್ನಾಗಿ ಸರಿದಿತ್ತು, ಸುಮಾರು ನೂರಕ್ಕೆ 23ರಷ್ಟು. ಅನುಮಾನದ ಹೆಸರಿನದ್ದು 7ಕ್ಕೂ ಕಡಿಮೆ. ಇಲ್ಲಿಯವರೆಗೆ ಯಾರಾದರೂ ಊಹಿಸಬಹುದಾದದ್ದೇ. ನಾಲ್ಕು ವಾರ ಬಿಟ್ಟು ಅವರನ್ನೇ ಮತ್ತೆ ಕೇಳಿದಾಗ ಎರಡೂ ಗುಂಪುಗಳ ನಡುವಿನ ಅಂತರ ಹೆಚ್ಚುಕಡಿಮೆ ಅಳಿಸಿಹೋಗಿತ್ತು. ನಂಬಿಗಸ್ತನ ಮಾತಿನ ಬಲ ಇಳಿದಿತ್ತು, ಅನುಮಾನದವನ ಮಾತಿನ ಬಲ ಏರಿತ್ತು.

ಇದಕ್ಕೆ ಕಾರಣ ಜನ ಮೂಲವನ್ನು ಮರೆತದ್ದಲ್ಲ. ಯಾರು ಬರೆದದ್ದೆಂದು ಕೇಳಿದರೆ ಹೇಳುತ್ತಿದ್ದರು. ಮಾತು ಮತ್ತು ಮಾತಾಡಿದವನು ಎರಡೂ ನೆನಪಿನಲ್ಲಿದ್ದರು, ಅವೆರಡನ್ನೂ ಕಟ್ಟಿದ ದಾರ ಸಡಿಲಾಗಿತ್ತು. ವಿಷಯ ಬೇಕಾದಾಗ ವಿಷಯ ಮಾತ್ರ ಎದ್ದು ಬರುತ್ತಿತ್ತು. ಎರಡು ವರ್ಷದ ನಂತರ ಹೊವ್ಲಂಡ್ ಮತ್ತು ಹರ್ಬರ್ಟ್ ಕೆಲ್ಮನ್ ಇದನ್ನೇ ಮತ್ತೊಂದು ರೀತಿಯಲ್ಲಿ ಪರೀಕ್ಷಿಸಿದರು. ಅಭಿಪ್ರಾಯ ಕೇಳುವ ಮುಂಚೆ ಮಾತಾಡಿದವನು ಯಾರೆಂದು ಮತ್ತೆ ನೆನಪಿಸಿದರೆ ಹಳೆಯ ಅನುಮಾನ ಮರಳಿ ಬಂತು. ಮುಂದಿನ ದಶಕಗಳಲ್ಲಿ ನಡೆದ ಇಂಥ ಪ್ರಯೋಗಗಳನ್ನೆಲ್ಲ ಒಟ್ಟು ಹಾಕಿ ನೋಡಿದವರಿಗೆ ಇನ್ನೂ ಒಂದು ಸಂಗತಿ ಕಂಡಿತು. ಅನುಮಾನ ಹುಟ್ಟಿಸುವ ಮೂಲದ ಹೆಸರು ಮಾತಿನ ಮೊದಲು ಬಂದರೆ ಜನ ಓದುವಾಗಲೇ ತೂಗಿ ನೋಡುತ್ತಾರೆ, ಹಾಗಾಗಿ ನಂತರದ ಸರಿದಾಟ ಕಡಿಮೆ. ಮಾತು ಮುಗಿದ ಮೇಲೆ ಹೆಸರು ಬಂದರೆ ಓದು ಪೂರ್ತಿ ಒಳಗೆ ಇಳಿದಿರುತ್ತದೆ, ಅನುಮಾನ ಮೇಲೆ ಅಂಟಿಸಿದ ಚೀಟಿಯ ಹಾಗೆ ಕೆಲ ದಿನದಲ್ಲಿ ಉದುರುತ್ತದೆ.

ಹ್ಯಾಂಡ್‌ಬಿಲ್ಲಿನ ತಳದ ಸಾಲು, ಇಡೀ ಪುಟದ ಜಾಹೀರಾತಿನ ಕೆಳಮೂಲೆಯ ಇಲಾಖೆ ಹೆಸರು, ಲೋಕಲ್ ಕೇಬಲ್ಲಿನಲ್ಲಿ ಅರ್ಧ ತಾಸಿನ ಕಾರ್ಯಕ್ರಮ ಮುಗಿದ ಮೇಲೆ ಓಡುವ ಪ್ರಾಯೋಜಕರ ಪಟ್ಟಿ ಎಲ್ಲವೂ ಹೆಸರನ್ನು ಕೊನೆಗೇ ಇಡುತ್ತವೆ. ಕಾಯ್ದೆಯನ್ನೂ ಪಾಲಿಸಿದಂತಾಯಿತು, ಹೆಸರಿನ ಹೊಡೆತವನ್ನೂ ತಪ್ಪಿಸಿಕೊಂಡಂತಾಯಿತು. ಇದರ ಮೇಲೆ ಪುನರಾವರ್ತನೆ ಬೇರೆ. ಒಂದೇ ಹೇಳಿಕೆಯನ್ನು ಎರಡೆರಡು ವಾರದ ಅಂತರದಲ್ಲಿ ಮೂರು ಸಲ ಓದಿಸಿದರೆ ಜನ ಅದನ್ನು ಪ್ರತಿ ಸಲವೂ ಹೆಚ್ಚು ನಿಜ ಎಂದು ಅಂದಾಜಿಸುತ್ತಾರೆ ಎಂದು 1977ರ ಇನ್ನೊಂದು ಪ್ರಯೋಗ ತೋರಿಸಿತು. ಆಟೊದ ಮೇಲೆ ಮೈಕ್ ಕಟ್ಟಿ ರಾಯಬಾಗ ತಾಲೂಕಿನ ಹಳ್ಳಿಹಳ್ಳಿ ಸುತ್ತಿಸುವವರಿಗೆ ಈ ಪ್ರಯೋಗ ಗೊತ್ತಿರಲಿಕ್ಕಿಲ್ಲ. ಆದರೆ ರೆಕಾರ್ಡಿಂಗ್ ಮಾಡಿಸುವಾಗ "ಭಾಷಣ ಬ್ಯಾಡ, ಎರಡ ಸಾಲು, ಅವನ್ನ ತಿರುಗಿ ತಿರುಗಿ ಹೊಡೀರಿ" ಎಂದು ಹೇಳುವಷ್ಟು ಅವರಿಗೆ ಗೊತ್ತು.

ತಲೆಗಳ ಸಾಲು

ಹೆಸರು ಮರೆಯಾಗುವುದರಿಂದ ನಾಟುವ ಪ್ರಚಾರ ಒಂದು ಬಗೆಯದು. ಹೆಸರೇ ನಾಟುವ ಪ್ರಚಾರವೂ ಇದೆ, ಅದರ ತವರು ಫ್ಲೆಕ್ಸ್ ಅಂಗಡಿ.

ಬೈಲಹೊಂಗಲದ ಕಡೆಯ ಒಂದು ಅಂಗಡಿ. ಸಂಜೆ ಏಳೂವರೆ, ಮರುದಿನ ಯಾರದ್ದೋ ಹುಟ್ಟುಹಬ್ಬ. ಕಂಪ್ಯೂಟರ್ ಮುಂದೆ ಡಿಸೈನರ್ ಹುಡುಗ, ಅವನ ಹೆಗಲ ಮೇಲೆ ಬಾಗಿದ ನಾಲ್ಕೈದು ಮಂದಿ. ಪರದೆಯ ಮೇಲೆ 20 ಅಡಿ ಅಗಲ, 10 ಅಡಿ ಎತ್ತರದ ಬ್ಯಾನರ್. ಅಂಗಡಿಯವರು ಇದನ್ನು 72 ಡಿಪಿಐನಲ್ಲೇ, ಅಂದರೆ ಇಂಚಿಗೆ 72 ಚುಕ್ಕೆಯ ಲೆಕ್ಕದಲ್ಲೇ ಮಾಡುತ್ತಾರೆ, ಅದಕ್ಕಿಂತ ಹೆಚ್ಚಿಟ್ಟರೆ ಫೈಲ್ ಭಾರವಾಗಿ ಮಷಿನ್ ತೆವಳುತ್ತದೆ. 200 ಚದರ ಅಡಿ, ರೇಟು ಅಡಿ ಲೆಕ್ಕದಲ್ಲಿ, ಫ್ರೇಮಿನ ಕಟ್ಟಿಗೆ ಬೇರೆ, ಕಟ್ಟುವ ಕೂಲಿ ಬೇರೆ. ಎಡಕ್ಕೆ ದೊಡ್ಡ ನಾಯಕರು, ಮೇಲೆ ಸಾಲಾಗಿ ರಾಜ್ಯದವರು ದಿಲ್ಲಿಯವರು, ನಡುವೆ ಹುಟ್ಟುಹಬ್ಬದವರು, ತಳದಲ್ಲಿ ಶುಭ ಕೋರುವವರ ಹದಿನೆಂಟು ತಲೆ.

"ತಮ್ಮಾ, ಅಧ್ಯಕ್ಷರ ತಲಿ ಸಣ್ಣದಾತು ನೋಡು."

"ದೊಡ್ಡದ ಮಾಡಿದ್ರ ಸಾಹೇಬ್ರ ಭುಜಕ್ಕ ಬಡೀತೈತ್ರಿ ಅಣ್ಣಾ."

"ಹಂಗಾರ ನಡುವಿನ ಅಕ್ಷರ ಒಂದೀಟು ಸಣ್ಣ ಮಾಡು."

"ಅದಕ್ಕಿಂತ ಸಣ್ಣ ಮಾಡಿದ್ರ ಶುಭಾಶಯ ಓದಾಕ ಬರಂಗಿಲ್ರಿ."

"ಅದನ್ನ ಯಾರ್ ಓದ್ತಾರ್ ಬಿಡಪಾ."

ಫ್ಲೆಕ್ಸಿನ ಬಗ್ಗೆ ಬರೆಯಬೇಕಾದದ್ದನ್ನೆಲ್ಲ ಆ ಮನುಷ್ಯ ಒಂದೇ ವಾಕ್ಯದಲ್ಲಿ ಹೇಳಿ ಮುಗಿಸಿದ. ಶುಭಾಶಯ ಓದಲಿಕ್ಕಲ್ಲ. ಯಾರ ತಲೆ ಯಾರ ಪಕ್ಕದಲ್ಲಿದೆ, ಯಾವುದು ಎಷ್ಟು ದೊಡ್ಡದಿದೆ, ಹೋದ ಸಲ ಇದ್ದ ಯಾವ ತಲೆ ಈ ಸಲ ಇಲ್ಲ ಎನ್ನುವುದನ್ನು ಚೌಕದಲ್ಲಿ ಹಾದುಹೋಗುವವರು ಓದುತ್ತಾರೆ. ಗ್ರಾಮ ಪಂಚಾಯಿತಿ ಸದಸ್ಯ, ಗುತ್ತಿಗೆದಾರ, ಸೊಸೈಟಿ ಸೆಕ್ರೆಟರಿ ಇವರು ಪಕ್ಕಾ ಓದುತ್ತಾರೆ. ಇದರಲ್ಲಿ ಯಾರನ್ನೂ ನಂಬಿಸುವ ಪ್ರಯತ್ನವೇ ಇಲ್ಲ. ಇಷ್ಟು ಜನ, ಇಷ್ಟು ರೊಕ್ಕ, ಒಂದೇ ರಾತ್ರಿಯಲ್ಲಿ ಇಷ್ಟು ಚೌಕ ಹಿಡಿಯುವ ತಾಕತ್ತು ನಮ್ಮ ಹತ್ತಿರ ಇದೆ ಎಂಬ ವರದಿ ಅದು. ಇಂಥ ವರದಿಗೆ ಕೆಳಗೆ ಹೆಸರಿಲ್ಲದಿದ್ದರೆ ಬೆಲೆಯೇ ಇಲ್ಲ.

ಚೀನಾದ ಕುರಿತು ಹುವಾಂಗ್ ಹೈಫೆಂಗ್ ಎಂಬ ರಾಜ್ಯಶಾಸ್ತ್ರಜ್ಞರು 2015ರಲ್ಲಿ ಪ್ರಕಟಿಸಿದ ಅಧ್ಯಯನ ಇದಕ್ಕೆ ತೀರಾ ಹತ್ತಿರ. ಅಲ್ಲಿನ ಕಾಲೇಜು ವಿದ್ಯಾರ್ಥಿಗಳಲ್ಲಿ ಸರ್ಕಾರಿ ಪ್ರಚಾರದ ಪಾಠ ಚೆನ್ನಾಗಿ ತಿಳಿದವರು ಸರ್ಕಾರದ ಬಗ್ಗೆ ಹೆಚ್ಚು ತೃಪ್ತರಾಗಿರಲಿಲ್ಲ. ಆದರೆ ಸರ್ಕಾರ ಬಲಿಷ್ಠ, ಅದನ್ನು ಎದುರು ಹಾಕಿಕೊಳ್ಳುವುದು ಬೇಡ ಎಂಬ ಭಾವನೆ ಅವರಲ್ಲಿ ಹೆಚ್ಚಿತ್ತು. ನಂಬಿಕೆ ಹುಟ್ಟದೆಯೂ ಪರಿಣಾಮ ಹುಟ್ಟಿತ್ತು. ನಮ್ಮದು ಚೀನಾ ಅಲ್ಲ, ಐದು ವರ್ಷಕ್ಕೊಮ್ಮೆ ಮತ ಇದೆ. ಆದರೂ "ಈ ಸಲ ಅವರದೇ ಹವಾ" ಎಂಬ ಮಾತು ಊರಲ್ಲಿ ಹುಟ್ಟುವುದು ಬ್ಯಾನರಿನ ಬರಹದಿಂದಲ್ಲ, ಬ್ಯಾನರುಗಳ ಎಣಿಕೆಯಿಂದ.

ಒಂದು ಪಕ್ಕದ ಮಾತು. ಪ್ಲಾಸ್ಟಿಕ್ ಬ್ಯಾನರು, ಬಂಟಿಂಗು, ಫ್ಲೆಕ್ಸನ್ನು ಕರ್ನಾಟಕ ಸರ್ಕಾರ 2016ರ ಮಾರ್ಚ್ 11ರ ಅಧಿಸೂಚನೆಯಲ್ಲೇ ನಿಷೇಧಿಸಿದೆ. ಸಾರ್ವಜನಿಕ ಜಾಗ ಅಂದಗೆಡಿಸುವುದನ್ನು ತಡೆಯುವ 1981ರ ಕಾಯ್ದೆ ಅದಕ್ಕೂ ಹಳೆಯದು. ನಿಷೇಧಿತ ವಸ್ತುವಿನ ಮೇಲೆ ತನ್ನ ಹೆಸರು, ಫೋಟೊ, ಮೊಬೈಲ್ ನಂಬರ್ ಹಾಕಿಸಿ ಚೌಕದಲ್ಲಿ ಕಟ್ಟುವುದು ಕೂಡ ಒಂದು ತಾಕತ್ತಿನ ಪ್ರದರ್ಶನವೇ.

ಬೆಳಗಾವಿಯ ಫ್ಲೆಕ್ಸಿಗೆ ಎರಡು ನಾಲಿಗೆ ಇರುವುದನ್ನೂ ಹೇಳಬೇಕು. ಶಿವಜಯಂತಿಗೆ ಶಹಾಪುರ, ವಡಗಾವಿ ಕಡೆ ಮರಾಠಿಯಲ್ಲಿ ಶುಭ ಕೋರುವ ಮುಖವೇ ರಾಜ್ಯೋತ್ಸವಕ್ಕೆ ಚನ್ನಮ್ಮ ವೃತ್ತದಲ್ಲಿ ಕನ್ನಡದಲ್ಲಿ ಕೋರುತ್ತದೆ. ಫೋಟೊ ಅದೇ, ಬಿಳಿ ಅಂಗಿ ಅದೇ, ಮೇಲಿನ ಚಿತ್ರ ಮಾತ್ರ ಒಂದರಲ್ಲಿ ಛತ್ರಪತಿ, ಇನ್ನೊಂದರಲ್ಲಿ ರಾಯಣ್ಣ ಅಥವಾ ಚನ್ನಮ್ಮ. ಎರಡರ ಕೆಳಗೂ ಹೆಸರಿದೆ, ಎರಡೂ ಬಿಳಿ. ಒಂದನ್ನು ಓದುವವನು ಇನ್ನೊಂದನ್ನು ಓದುವುದಿಲ್ಲ ಎಂಬ ಲೆಕ್ಕಾಚಾರ ಎಲ್ಲೂ ಬರೆದಿರುವುದಿಲ್ಲ. ಎರಡೂ ಭಾಷೆ ಬಲ್ಲವರೇ ತುಂಬಿರುವ ಊರಿನಲ್ಲಿ ಆ ಲೆಕ್ಕಾಚಾರ ಪೂರ್ತಿ ಫಲಿಸುವುದೂ ಇಲ್ಲ.

ಎರಡು ಸಾವಿರ ಯಾರವು

2023ರ ಮೊದಲ ಮೂರು ತಿಂಗಳು ಬೆಳಗಾವಿಯಲ್ಲಿ ಬಿಳಿ ಪ್ರಚಾರದ ದೊಡ್ಡ ಸಂತೆಯೇ ನೆರೆಯಿತು. ಜನವರಿ 11ರಂದು ಕಾಂಗ್ರೆಸ್ ತನ್ನ ಪ್ರಜಾಧ್ವನಿ ಯಾತ್ರೆಯನ್ನು ಇಲ್ಲಿಂದಲೇ ಹೊರಡಿಸಿ 200 ಯೂನಿಟ್ ಉಚಿತ ಕರೆಂಟಿನ ಗ್ಯಾರಂಟಿ ಕೊಟ್ಟಿತು. ಫೆಬ್ರವರಿ 27ರಂದು ಪ್ರಧಾನಿ ಇಲ್ಲಿಗೇ ಬಂದು ರೋಡ್ ಶೋ ನಡೆಸಿ ಪಿಎಂ ಕಿಸಾನ್ ಯೋಜನೆಯ 13ನೇ ಕಂತನ್ನು ದೇಶಕ್ಕೆಲ್ಲ ಬಿಡುಗಡೆ ಮಾಡಿದರು, ಸುಮಾರು 16,000 ಕೋಟಿ. ಮಾರ್ಚ್ 20ರಂದು ರಾಹುಲ್ ಗಾಂಧಿ ಬಂದು ನಿರುದ್ಯೋಗಿ ಯುವಕರಿಗೆ ಭತ್ಯೆ ಕೊಡುವ ಯುವನಿಧಿ ಘೋಷಿಸಿದರು. ಮಾರ್ಚ್ 29ಕ್ಕೆ ಚುನಾವಣೆ ಘೋಷಣೆಯಾಯಿತು. ಅಲ್ಲಿಂದ ಸರ್ಕಾರಿ ಕಟ್ಟಡದ ಮೇಲಿನ ಪ್ರಚಾರದ ಹಲಗೆ 24 ತಾಸಿನಲ್ಲಿ, ಸಾರ್ವಜನಿಕ ಜಾಗದ್ದು 48 ತಾಸಿನಲ್ಲಿ, ಖಾಸಗಿ ಜಾಗದ ಅನಧಿಕೃತವಾದದ್ದು 72 ತಾಸಿನಲ್ಲಿ ಇಳಿಯಬೇಕು. ಇಳಿದವು ಕೂಡ. ಆದರೆ ಹಲಗೆ ಇಳಿದರೂ ಕಾಂಗ್ರೆಸ್ಸಿನ ಗ್ಯಾರಂಟಿ ಕಾರ್ಡು ಮನೆಯ ದೇವರ ಜಗಲಿಯ ಮೇಲಿತ್ತು, ಕಂತಿನ ಎಸ್ಸೆಮ್ಮೆಸ್ಸು ಮೊಬೈಲಿನಲ್ಲಿತ್ತು.

ಆ ಕಾರ್ಡಿನ ಮೇಲೆ ಇಬ್ಬರು ನಾಯಕರ ಸಹಿ ಇತ್ತು. ಪ್ರಣಾಳಿಕೆಗೂ ಆ ಕಾರ್ಡಿಗೂ ಇದ್ದ ಫರಕು ಅದೇ. ಪ್ರಣಾಳಿಕೆ ಪಕ್ಷದ್ದು, ಎಲ್ಲರದೂ ಆದ್ದರಿಂದ ಯಾರದ್ದೂ ಅಲ್ಲ. ಸಹಿ ಹಾಕಿದ ಕಾರ್ಡು ಕೈಗಡ ಚೀಟಿಯಂತೆ ಮನೆಯಲ್ಲಿ ಉಳಿಯುತ್ತದೆ, ನಾಳೆ ತೋರಿಸಿ ಕೇಳಬಹುದು. ಬಹಿರಂಗ ಪ್ರಚಾರದಲ್ಲಿ ಹೆಸರನ್ನು ಇಷ್ಟು ಜಾಣತನದಿಂದ ಬಳಸಿದ್ದು ಅಪರೂಪ.

ರೊಕ್ಕ ಬರತೊಡಗಿದ ಮೇಲೆ ಹೆಸರಿನ ಜಗಳ ಬ್ಯಾಂಕಿಗೆ ಬಂತು. ಪಿಎಂ ಕಿಸಾನ್ ವರ್ಷಕ್ಕೆ 6000, ನಾಲ್ಕು ತಿಂಗಳಿಗೊಮ್ಮೆ 2000. ಮನೆಯ ಯಜಮಾನಿಗೆ ಕೊಡುವ ಗೃಹಲಕ್ಷ್ಮಿ ತಿಂಗಳಿಗೆ 2000. ಒಂದು ದಿಲ್ಲಿಯದು, ಒಂದು ಬೆಂಗಳೂರಿನದು, ಮೊತ್ತ ಒಂದೇ. ಎರಡೂ ನೇರ ವರ್ಗಾವಣೆ. ಆಧಾರ್ ಮೂಲಕ ಬರುವ ಹಣ ಹೋಗುವುದು ಕೊನೆಗೆ ಯಾವ ಖಾತೆಗೆ ಆಧಾರ್ ಜೋಡಿಸಿದ್ದಾರೋ ಆ ಖಾತೆಗೆ, ಜನ ಅಂದುಕೊಂಡ ಖಾತೆಗಲ್ಲ. ಪಾಸ್‌ಬುಕ್ಕಿನಲ್ಲಿ ಬೀಳುವುದು ಇಂಗ್ಲಿಷಿನ ತುಂಡು ಅಕ್ಷರಗಳು. ಮುಧೋಳ ಕಡೆಯ ಹಳ್ಳಿಯೊಂದರಲ್ಲಿ ಬ್ಯಾಂಕಿನ ಪರವಾಗಿ ರೊಕ್ಕ ಕೊಡುವ ಬ್ಯಾಂಕ್ ಮಿತ್ರನ ಕಟ್ಟೆಯ ಮೇಲೆ ನಡೆದ ಮಾತು ಹೀಗಿತ್ತು. ಹೆಣ್ಣುಮಗಳು ಹೆಬ್ಬೆಟ್ಟು ಒತ್ತಿದಳು, ಹುಡುಗ ಪರದೆ ನೋಡಿದ.

"ಯಕ್ಕಾ, ಎರಡ ಸಾವಿರ ಬಂದಾವ್ ನೋಡ್ರಿ."

"ಯಾವು ತಮ್ಮಾ? ಗೃಹಲಕ್ಷ್ಮಿವ?"

"ಅವು ಇನ್ನಾ ಬಂದಿಲ್ರಿ. ಇವು ಕಿಸಾನದ್ವು."

"ಕಿಸಾನದ್ವು ನಮ್ಮ ಮನ್ಯಾರ ಖಾತೆಕ್ಕ ಬರ್ತಾವಲ್ಲ?"

"ಹೊಲ ನಿಮ್ಮ ಹೆಸರಿಲೆ ಐತಲ್ರಿ ಯಕ್ಕಾ, ನಿಮಗ ಬರ್ತಾವ."

ಸರದಿಯಲ್ಲಿದ್ದ ಮುದುಕನೊಬ್ಬ ಅಂದ, "ಯಾರವರ ಆಗ್ಲಿ ತಗೋಳಬೇ, ರೊಕ್ಕ ರೊಕ್ಕನ."

"ಹಂಗಲ್ಲ ಕಾಕಾ, ಯಾರ್ ಕೊಟ್ಟಾರಂತ ಗೊತ್ತಿರಬೇಕಲ್ಲ."

ಎರಡೂ ಸರ್ಕಾರಗಳು ಜಾಹೀರಾತಿಗೆ ಸುರಿಯುವ ಹಣದ ಉದ್ದೇಶವೆಲ್ಲ ಆ ಕೊನೆಯ ವಾಕ್ಯದಲ್ಲಿದೆ. ಯೋಜನೆ ಒಳ್ಳೆಯದೆಂದು ಯಾರಿಗೂ ಮನವರಿಕೆ ಮಾಡಬೇಕಿಲ್ಲ, ಕೈಗೆ ರೊಕ್ಕ ಬಂದಿದೆ. ಅದು ಯಾರ ಲೆಕ್ಕಕ್ಕೆ ಜಮಾ ಆಗಬೇಕು ಎಂಬುದೇ ಪ್ರಶ್ನೆ. ಪೆಟ್ರೋಲ್ ಬಂಕಿನ ಹೋರ್ಡಿಂಗು, ಪಡಿತರದ ಚೀಲ, ಬಸ್ಸಿನ ಹಿಂಬದಿ ಇವೆಲ್ಲ ಮನವೊಲಿಸುವ ಜಾಹೀರಾತುಗಳಲ್ಲ, ರಸೀದಿಗಳು. ಸುಪ್ರೀಂ ಕೋರ್ಟ್ 2015ರ ಮೇ 13ರಂದು ಸರ್ಕಾರಿ ಜಾಹೀರಾತಿನಲ್ಲಿ ರಾಷ್ಟ್ರಪತಿ, ಪ್ರಧಾನಿ, ಮುಖ್ಯ ನ್ಯಾಯಮೂರ್ತಿ ಬಿಟ್ಟು ಬೇರೆಯವರ ಫೋಟೊ ಬೇಡ ಎಂದಾಗ ರಾಜ್ಯಗಳು ಹೌಹಾರಿದ್ದು ಇದಕ್ಕೇ. 2016ರ ಮಾರ್ಚ್ 18ಕ್ಕೆ ಕೋರ್ಟು ರಾಜ್ಯಪಾಲರು, ಮುಖ್ಯಮಂತ್ರಿಗಳು, ಸಚಿವರ ಫೋಟೊಗಳಿಗೂ ಅವಕಾಶ ಕೊಟ್ಟಿತು. ಫೋಟೊ ಇಲ್ಲದ ರಸೀದಿಯಿಂದ ಯಾರಿಗೇನು ಉಪಯೋಗ?

ಹೇಳಿದ್ದು ನಿಜ, ಆದರೆ

ಬಹಿರಂಗ ಪ್ರಚಾರಕ್ಕೆ ಸುಳ್ಳು ಹೇಳುವುದು ಕಷ್ಟ, ಸಿಕ್ಕಿಬಿದ್ದರೆ ಕೆಳಗೆ ತನ್ನದೇ ಹೆಸರಿದೆ. ಹಾಗಾಗಿ ಅದರ ಕುಶಲತೆ ಇರುವುದು ನಿಜವನ್ನು ಎಲ್ಲಿ ನಿಲ್ಲಿಸಬೇಕು ಎನ್ನುವುದರಲ್ಲಿ. ಮಹದಾಯಿಯನ್ನೇ ತಗೊಳ್ಳಿ. ನ್ಯಾಯಮಂಡಳಿ 2018ರ ಆಗಸ್ಟ್ 14ರಂದು ತೀರ್ಪು ಕೊಟ್ಟಿತು, 2020ರ ಫೆಬ್ರವರಿ 27ರಂದು ಅದು ಗೆಜೆಟ್‌ನಲ್ಲಿ ಬಂತು, 2022ರ ಡಿಸೆಂಬರಿನಲ್ಲಿ ಕಳಸಾ ಬಂಡೂರಿಯ ಪರಿಷ್ಕೃತ ವಿಸ್ತೃತ ಯೋಜನಾ ವರದಿಗೆ, ಅಂದರೆ ಡಿಪಿಆರ್‌ಗೆ, ಕೇಂದ್ರ ಜಲ ಆಯೋಗದ ಒಪ್ಪಿಗೆ ಸಿಕ್ಕಿತು. ಕಳಸಾದಿಂದ 1.72, ಬಂಡೂರಿಯಿಂದ 2.18, ಒಟ್ಟು 3.9 ಟಿಎಂಸಿ ಕುಡಿಯುವ ನೀರು. ಪ್ರತಿ ಮೆಟ್ಟಿಲಿಗೂ ಅಭಿನಂದನೆಯ ಜಾಹೀರಾತು, ಪ್ರತಿ ಜಾಹೀರಾತಿನ ಪ್ರತಿ ಅಂಕಿಯೂ ಸರಿ. ಡಿಪಿಆರ್ ಒಪ್ಪಿಗೆ ಎಂದರೆ ಎಂಜಿನಿಯರಿಂಗ್ ಲೆಕ್ಕಕ್ಕೆ ಒಪ್ಪಿಗೆ. ಅರಣ್ಯ ಮತ್ತು ವನ್ಯಜೀವಿ ಅನುಮತಿ ಬೇರೆಯೇ ಬಾಗಿಲು, ಅದು ಆಗ ತೆರೆದಿರಲಿಲ್ಲ. ಈ ಕೊನೆಯ ಸಂಗತಿಯನ್ನು ಜಾಹೀರಾತು ಅಲ್ಲಗಳೆಯಲಿಲ್ಲ, ಹೇಳಲಿಲ್ಲ ಅಷ್ಟೇ. ಬಂಡೂರಿ ನೀರು ಬಂದೇ ಬಿಟ್ಟಿತೆಂದು ಓದಿಕೊಂಡದ್ದು ಓದುಗನ ತಪ್ಪಾಯಿತು. ಎದುರಿನವರ ಜಾಹೀರಾತು ಇದರ ತಿರುವುಮುರುವು: ಅನುಮತಿ ಬಂದಿಲ್ಲ ಎಂಬುದೊಂದನ್ನೇ ಹಿಡಿದು, ಡಿಪಿಆರ್ ಎನ್ನುವುದು ಬರೀ ಕಾಗದ ಎಂದಿತು. ಅದರಲ್ಲೂ ಸುಳ್ಳಿಲ್ಲ.

ಇದಕ್ಕೆ ಮದ್ದು ಬದುಕಿನಲ್ಲೇ ಇದೆ, ಕೆಲವೊಮ್ಮೆ ಮಾತ್ರ. ಕೈಗೆ ತಾಗುವ ವಿಷಯದಲ್ಲಿ ಬಹಿರಂಗ ಪ್ರಚಾರ ಬೇಗ ಸೋಲುತ್ತದೆ. ರಾತ್ರಿ ಎರಡಕ್ಕೆ ಎದ್ದು ಥ್ರೀ ಫೇಸ್ ಬಂದಿದೆಯೇ ಎಂದು ಪಂಪ್‌ಸೆಟ್ ನೋಡಲು ಹೊಲಕ್ಕೆ ಹೋಗುವ ಇಂಡಿ ತಾಲೂಕಿನ ರೈತನಿಗೆ ನಿರಂತರ ವಿದ್ಯುತ್ತಿನ ಹೋರ್ಡಿಂಗು ತೋರಿಸಿ ಪ್ರಯೋಜನವಿಲ್ಲ. 2004ರಲ್ಲಿ ಭಾರತ ಹೊಳೆಯುತ್ತಿದೆ ಎಂದು ಸಾರಿದ ಸರ್ಕಾರ ಆ ವರ್ಷವೇ ಸೋತಿತು. ಸೋಲಿಗೆ ಅದೊಂದೇ ಕಾರಣ ಎನ್ನುವವರ ಮಾತು ನಾನು ಒಪ್ಪುವುದಿಲ್ಲ, ಆದರೆ ಜಾಹೀರಾತು ಉಳಿಸಲಿಲ್ಲ ಎನ್ನುವುದಂತೂ ಖರೆ. ಕುಟುಂಬ ಯೋಜನೆಯ ಕಥೆ ಇನ್ನೂ ಕಟು. ಕೆಂಪು ತ್ರಿಕೋನ, ಆರತಿಗೊಬ್ಬಳು ಕೀರ್ತಿಗೊಬ್ಬ, ಚಿಕ್ಕ ಸಂಸಾರ ಚೊಕ್ಕ ಸಂಸಾರ ಎಂದು ಗೋಡೆಗೋಡೆಗೂ ಬರೆದ ಸರ್ಕಾರದ ಮಾತಿನಲ್ಲಿ ಮುಚ್ಚುಮರೆ ಇರಲಿಲ್ಲ, ಜನ ಮೆಲ್ಲಗೆ ಕಿವಿಗೊಡುತ್ತಲೂ ಇದ್ದರು. 1976-77ರ ಒಂದೇ ವರ್ಷದಲ್ಲಿ ದೇಶದಲ್ಲಿ 80 ಲಕ್ಷಕ್ಕೂ ಹೆಚ್ಚು ಸಂತಾನಹರಣ ಶಸ್ತ್ರಚಿಕಿತ್ಸೆ ನಡೆದವು, ಬಹಳ ಕಡೆ ಬಲವಂತದಿಂದ. ಅದೇ ಹೆಸರು, ಅದೇ ತ್ರಿಕೋನ ಈಗ ಹೆದರಿಕೆ ಹುಟ್ಟಿಸುವಂತಾಯಿತು. 1977ರಲ್ಲಿ ಕಾರ್ಯಕ್ರಮದ ಹೆಸರನ್ನೇ ಕುಟುಂಬ ಕಲ್ಯಾಣ ಎಂದು ಬದಲಿಸಬೇಕಾಯಿತು. ಬಹಿರಂಗ ಪ್ರಚಾರದ ಬಂಡವಾಳ ಅದರ ಹೆಸರು. ಅದೇ ಹೆಸರಿನವರು ಬೇರೆ ಕಡೆ ಮಾಡಿದ್ದೆಲ್ಲ ಅದೇ ಖಾತೆಗೆ ಖರ್ಚು ಬೀಳುತ್ತದೆ.

ಕೈಗೆ ತಾಗದ ವಿಷಯಗಳಲ್ಲಿ, ಅಂದರೆ ಗಡಿ, ಧರ್ಮ, ಪಕ್ಕದ ದೇಶ, ದೂರದ ಊರಿನ ಗಲಭೆಯಂಥವುಗಳಲ್ಲಿ, ಈ ತಾಳೆ ನೋಡುವ ಅವಕಾಶವೇ ಇಲ್ಲ. ಬಿಳಿ ಪ್ರಚಾರ ಬಹಳ ಕೆಲಸ ಮಾಡುವುದು ಅಲ್ಲಿ.

ಮನೆಮನೆಗೆ ಹೋಗುವ ಹಳೆಯ ಕಾರ್ಯಕರ್ತರಿಗೆ ಒಂದು ಉಪಾಯ ಗೊತ್ತು, ಫ್ಲೆಕ್ಸಿಗೆ ಅದು ಬರುವುದಿಲ್ಲ. "ರಸ್ತೆ ಆಗಿಲ್ಲ ಖರೆ ರೀ, ಸುಳ್ ಯಾಕ ಹೇಳೂದು. ಆದ್ರ..." ಎಂದು ಅವರು ಶುರು ಮಾಡುತ್ತಾರೆ. 1945ರಲ್ಲಿ ಅಮೆರಿಕದ ಸೈನಿಕರ ಮೇಲೆ ಇದೇ ಹೊವ್ಲಂಡ್ ತಂಡ ನಡೆಸಿದ ಪ್ರಯೋಗದಲ್ಲಿ ಮೊದಲೇ ಒಪ್ಪಿದ್ದವರಿಗೆ ಒಂದೇ ಪಕ್ಕದ ವಾದ ಹೆಚ್ಚು ಹಿಡಿಸಿತು, ಒಪ್ಪದಿದ್ದವರಿಗೆ ಎರಡೂ ಪಕ್ಕ ಹೇಳಿದ ವಾದ. ಹಾಗಾಗಿ ಚೌಕದ ಬ್ಯಾನರು ತಮ್ಮವರಿಗೆ, ಕಟ್ಟೆಯ ಮಾತು ಎದುರಿನವರಿಗೆ. ಎದುರಿನವರನ್ನು ಬ್ಯಾನರಿನಿಂದ ಒಲಿಸಲು ಹೊರಟ ಅಭ್ಯರ್ಥಿ ಹೊಸಬನೆಂದು ಪ್ರೆಸ್ಸಿನವರಿಗೂ ತಿಳಿಯುತ್ತದೆ.

ಅಭಿಮಾನಿ ಬಳಗ

ಈಗ ಹೆಸರೇ ಮಸುಕಾಗುತ್ತಿದೆ. ಬ್ಯಾನರಿನ ಕೆಳಗೆ, ಫೇಸ್‌ಬುಕ್ ಪೇಜಿನ ಮೇಲೆ "ಇಂಥವರ ಅಭಿಮಾನಿ ಬಳಗ" ಎಂದಿರುತ್ತದೆ. ಹೆಸರಿದೆ, ಆದರೆ ಅದರ ಹಿಂದೆ ವಿಳಾಸವಿಲ್ಲ, ಅಧ್ಯಕ್ಷನಿಲ್ಲ, ಖಾತೆಯಿಲ್ಲ. ಅಭ್ಯರ್ಥಿಯ ಲಿಖಿತ ಒಪ್ಪಿಗೆಯಿಲ್ಲದೆ ಅವನ ಪರವಾಗಿ ಖರ್ಚು ಮಾಡುವುದು ಅಪರಾಧವೇ. ಹಳೆಯ ದಂಡ ಸಂಹಿತೆಯ 171ಎಚ್ ಕಲಮಿನಲ್ಲಿ 500 ರೂಪಾಯಿವರೆಗೆ ಇದ್ದ ದಂಡ ಹೊಸ ಸಂಹಿತೆಯಲ್ಲಿ 10,000 ರೂಪಾಯಿವರೆಗೆ ಏರಿದೆ. ಬಳಗದ ಮೇಲೆ ಕೇಸು ಹಾಕಲು ಮೊದಲು ಬಳಗ ಯಾರೆಂದು ಗೊತ್ತಾಗಬೇಕು. ಫೇಸ್‌ಬುಕ್ ಮತ್ತು ಗೂಗಲ್ 2019ರಿಂದ ಭಾರತದ ರಾಜಕೀಯ ಜಾಹೀರಾತುಗಳ ಮೇಲೆ ಹಣ ಕೊಟ್ಟವರ ಹೆಸರು ತೋರಿಸುತ್ತವೆ. ಅಲ್ಲೂ ಬರುವುದು ಪೇಜಿನವರು ತುಂಬಿದ ಹೆಸರೇ. ರೊಕ್ಕ ಕೊಟ್ಟು ಬೂಸ್ಟ್ ಮಾಡದೆ ನೂರು ಗ್ರೂಪಿಗೆ ಹಂಚಿದ ರೀಲ್ಸಿಗೆ ಆ ಪಟ್ಟಿಯೂ ಇಲ್ಲ. ಟಿವಿ, ಕೇಬಲ್, ರೇಡಿಯೊ ಜಾಹೀರಾತಿಗೆ ಜಿಲ್ಲೆಯ ಮಾಧ್ಯಮ ಪ್ರಮಾಣೀಕರಣ ಸಮಿತಿಯ ಒಪ್ಪಿಗೆ ಮೊದಲೇ ಬೇಕು. ಪತ್ರಿಕೆಯ ಜಾಹೀರಾತಿಗೆ ಅದು ಬೇಕಾಗುವುದು ಮತದಾನದ ದಿನ ಮತ್ತು ಅದರ ಹಿಂದಿನ ದಿನ ಮಾತ್ರ.

ಪತ್ರಿಕೆಯಲ್ಲಿ ಜಾಹೀರಾತು ಸುದ್ದಿಯ ಅಂಗಿ ತೊಟ್ಟು ಬಂದರೆ ಹಿಡಿಯುವುದು ಕಷ್ಟವಲ್ಲ. ಅಕ್ಷರದ ಫಾಂಟು ಉಳಿದ ಪುಟದ್ದಲ್ಲ, ವರದಿಗಾರನ ಹೆಸರಿಲ್ಲ, ಅದೇ ವಾಕ್ಯಗಳು ಅಂದೇ ಇನ್ನೊಂದು ಪತ್ರಿಕೆಯಲ್ಲೂ ಇವೆ. ಎಷ್ಟೋ ಸಲ ಒಂದೇ ಪುಟದಲ್ಲಿ ಇಬ್ಬರು ಎದುರಾಳಿಗಳ ಗೆಲುವೂ ಖಚಿತವಾಗಿರುತ್ತದೆ.

ತಳದ ಸಾಲನ್ನು ನಿಜಕ್ಕೂ ಬಳಸಬೇಕೆನ್ನುವವರಿಗೆ ಒಂದು ದಾರಿಯಿದೆ, ಬಳಸುವವರು ಕಡಿಮೆ. ಕೈಗೆ ಬಂದ ಕರಪತ್ರಗಳನ್ನು ಎಸೆಯದೆ ಇಡಬೇಕು. ತಳದಲ್ಲಿ ಬರೆದ ಪ್ರೆಸ್ಸು, ಪ್ರಕಾಶಕ, ಪ್ರತಿಗಳ ಸಂಖ್ಯೆ ಗುರುತು ಹಾಕಿಕೊಳ್ಳಬೇಕು. ಫಲಿತಾಂಶ ಬಂದ 30 ದಿನದೊಳಗೆ ಪ್ರತಿ ಅಭ್ಯರ್ಥಿ ತನ್ನ ಖರ್ಚಿನ ಲೆಕ್ಕವನ್ನು ಜಿಲ್ಲಾ ಚುನಾವಣಾಧಿಕಾರಿಗೆ ಒಪ್ಪಿಸಲೇಬೇಕು. 1961ರ ಚುನಾವಣಾ ನಿಯಮಗಳ 88ನೇ ನಿಯಮದ ಪ್ರಕಾರ ಆ ಲೆಕ್ಕವನ್ನು ಯಾರು ಬೇಕಾದರೂ ಕಚೇರಿಗೆ ಹೋಗಿ ನೋಡಬಹುದು, ದೃಢೀಕೃತ ಪ್ರತಿಯನ್ನೂ ಕೇಳಬಹುದು. ಮೊದಲು ನೋಡಬೇಕಾದದ್ದು ಮುದ್ರಣದ ಬಿಲ್ಲು: ಪ್ರೆಸ್ಸಿನ ಹೆಸರು ಕರಪತ್ರದ್ದೇ ಇದೆಯೇ, ಪ್ರತಿಗಳ ಸಂಖ್ಯೆ ಹೊಂದುತ್ತದೆಯೇ, ಕೊಲ್ಹಾಪುರದ್ದೋ ಸಾಂಗ್ಲಿಯದ್ದೋ ಬಿಲ್ಲು ಒಂದಾದರೂ ಇದೆಯೇ. ನೋಡುವ ಶುಲ್ಕ ಒಂದು ರೂಪಾಯಿ.